ಬದುವಿನ ಜಗಳ ಠಾಣೆ ಮೆಟ್ಟಿಲು ಹತ್ತಿದರೆ: ಕೇಸ್ ಕ್ವಾಶ್ ಮಾಡಿಸುವ ದಾರಿ

ಜಮೀನಿನ ಮೇಲೆ ಸಿವಿಲ್ ದಾವೆ ಹಾಕಿದರೆ ಮುಗಿಯಲು ಹತ್ತು ವರ್ಷವೂ ಆಗಬಹುದು, ಇಪ್ಪತ್ತೂ ಆಗಬಹುದು. ಠಾಣೆಗೆ ದೂರು ಕೊಡುವುದು ಒಂದು ಸಂಜೆಯ ಕೆಲಸ. ಇದು ಹಳ್ಳಿಯಲ್ಲಿ ಎಲ್ಲರಿಗೂ ಗೊತ್ತಿರುವ ಲೆಕ್ಕ. ಅದಕ್ಕೇ ತಡೆಯಾಜ್ಞೆ ಸಿಗದವರು, ಅಗ್ರಿಮೆಂಟ್ ಮುರಿದುಬಿದ್ದವರು, ಭಾಗದಲ್ಲಿ ಕಡಿಮೆ ಬಂತು ಅಂತ ಕೊರಗುವವರು ಕೊನೆಗೆ ಠಾಣೆ ಮೆಟ್ಟಿಲು ಹತ್ತುತ್ತಾರೆ. ಎದುರಿನವರು ಜಾಮೀನಿಗೆ ಅಂತ ನಾಲ್ಕು ಸಲ ಅಲೆದರೆ ತಾವೇ ದಾರಿಗೆ ಬರುತ್ತಾರೆ ಅನ್ನೋ ಧೈರ್ಯ.

ಇಂಥ ಕೇಸನ್ನು ರದ್ದು ಮಾಡುವ, ಅಂದರೆ ಕ್ವಾಶ್ ಮಾಡುವ ಅಧಿಕಾರ ಹೈಕೋರ್ಟಿಗೆ ಇದೆ. ಕ್ರಿಮಿನಲ್ ಕೇಸು ಹೇಗೆ ನಡೆಯಬೇಕು ಅಂತ ಹೇಳುವ ಹಳೆಯ ಕಾನೂನು ಸಿಆರ್‌ಪಿಸಿಯಲ್ಲಿ ಅದು ಕಲಂ 482. 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಿಎನ್‌ಎಸ್‌ಎಸ್ ಜಾರಿಗೆ ಬಂದ ಮೇಲೆ ಕಲಂ 528. (ತಮಾಷೆ ಅಂದ್ರೆ ಬಿಎನ್‌ಎಸ್‌ಎಸ್‌ನಲ್ಲಿ 482 ಅಂದರೆ ನಿರೀಕ್ಷಣಾ ಜಾಮೀನು. ನಿಮ್ಮ ವಕೀಲರು ಹಳೇ ಅಭ್ಯಾಸದಲ್ಲಿ '482 ಹಾಕೋಣ' ಅಂದರೆ ಯಾವುದು ಸಾರ್ ಅಂತ ಒಮ್ಮೆ ಕೇಳಿಬಿಡಿ.)

ನಾನು ವಕೀಲನಲ್ಲ. ನಮ್ಮ ಮನೆಯಲ್ಲೇ ಒಂದು ಕೇಸ್ ಆಗಿತ್ತು. ಅದರ ಹಿಂದೆ ಓಡಾಡುತ್ತಾ, ತೀರ್ಪುಗಳನ್ನು ಓದುತ್ತಾ ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಮೊದಲು ಆ ಕಥೆ ಹೇಳಿಬಿಡುತ್ತೇನೆ. ಯಾಕೆಂದರೆ ಇದರಲ್ಲಿ ಎಲ್ಲರೂ ಮಾಡುವ ತಪ್ಪನ್ನು ನಾವೂ ಮಾಡಿದ್ದೆವು.

ರಸೀದಿ ಮತ್ತು ತಕರಾರು

ದಾಯಾದಿಗಳ ಜೊತೆ ಆರು ಗುಂಟೆಯ ಜಗಳ. ಬದು ಎಲ್ಲಿ ಅನ್ನೋದೇ ಪ್ರಶ್ನೆ. ಅಪ್ಪ ಸಿವಿಲ್ ಕೋರ್ಟಿಗೆ ಹೋಗಿ ಮಧ್ಯಂತರ ತಡೆಯಾಜ್ಞೆ ತಂದರು. ಅದಾದ ಐದನೇ ದಿನಕ್ಕೆ ದಾಯಾದಿಗಳು ಠಾಣೆಯಲ್ಲಿ ದೂರು ಕೊಟ್ಟರು. ಘಟನೆ ನಡೆದದ್ದು ಮಾತ್ರ ಇಪ್ಪತ್ತೆರಡು ದಿನ ಹಿಂದೆಯಂತೆ, ಬೆಳಗ್ಗೆ ಹನ್ನೊಂದೂವರೆಗೆ. ಅಪ್ಪ, ನಾನು, ನನ್ನ ತಮ್ಮ ಮೂವರೂ 'ಏಕೋದ್ದೇಶದಿಂದ ಅಕ್ರಮವಾಗಿ ಜಮೀನಿನೊಳಗೆ ಪ್ರವೇಶ ಮಾಡಿ, ಬದುವಿನ ಕಲ್ಲು ಕಿತ್ತು, ಅವಾಚ್ಯ ಶಬ್ದಗಳಿಂದ ಬೈದು, ಜೀವ ಬೆದರಿಕೆ ಹಾಕಿದ್ದೇವೆ'. ಆಗ ಇನ್ನೂ ಅಪರಾಧ, ಶಿಕ್ಷೆಗಳ ಹಳೆಯ ಕಾನೂನು ಐಪಿಸಿ ಇತ್ತು (ಈಗ ಅದರ ಜಾಗದಲ್ಲಿ ಬಿಎನ್‌ಎಸ್): 447, 427, 504, 506, ಜೊತೆಗೆ 34.

ಅಪ್ಪ ಅವತ್ತು ಆ ಹೊತ್ತಿಗೆ ಸೊಸೈಟಿಯಲ್ಲಿ ಬೆಳೆಸಾಲ ನವೀಕರಣಕ್ಕೆ ಕೂತಿದ್ದರು. ರಸೀದಿಯ ಮೇಲೆ 11.40 ಅಂತ ಮುದ್ರೆಯಾಗಿತ್ತು. ನಮಗೆ ಕುಣಿಯುವಷ್ಟು ಖುಷಿ. ಆ ರಸೀದಿಗೆ ಲ್ಯಾಮಿನೇಷನ್ ಬೇರೆ ಮಾಡಿಸಿದೆವು! ಬೆಂಗಳೂರಿನ ವಕೀಲರು ಅದನ್ನು ನೋಡಿ, ಪಕ್ಕಕ್ಕಿಟ್ಟು, 'ಇದು ಕೆಳಗಿನ ಕೋರ್ಟಿನ ವಿಚಾರಣೆಗೆ ಇರಲಿ. ಸಿವಿಲ್ ಕೇಸಿನಲ್ಲಿ ಅವರು ಸಲ್ಲಿಸಿದ ತಕರಾರು ಎಲ್ಲಿ, ಅದನ್ನು ತನ್ನಿ' ಅಂದರು.

ಆ ತಕರಾರಿನ ಏಳನೇ ಪ್ಯಾರಾದಲ್ಲಿ ಎದುರಿನವರೇ ಬರೆದಿದ್ದರು: 'ವಾದಿಯು ಕಳೆದ ನಾಲ್ಕು ವರ್ಷಗಳಿಂದ ಸದರಿ ಆರು ಗುಂಟೆಯನ್ನು ಒತ್ತುವರಿ ಮಾಡಿಕೊಂಡು ಉಳುಮೆ ಮಾಡುತ್ತಿದ್ದಾರೆ.' ನಾಲ್ಕು ವರ್ಷದಿಂದ ನಾವೇ ಉಳುಮೆ ಮಾಡುತ್ತಿದ್ದರೆ ಅವತ್ತು ಹನ್ನೊಂದೂವರೆಗೆ ಅದರೊಳಗೆ ಅತಿಕ್ರಮ ಪ್ರವೇಶ ಮಾಡೋದು ಹೇಗೆ? ಅತಿಕ್ರಮ ಪ್ರವೇಶದ ಅಪರಾಧ ಆಗಬೇಕಾದರೆ ಜಾಗ ಬೇರೆಯವರ ಸ್ವಾಧೀನದಲ್ಲಿ ಇರಬೇಕು. ಹಕ್ಕು ಯಾರದ್ದು ಅನ್ನೋದು ಆಮೇಲಿನ ಮಾತು. ಸಾಲದ್ದಕ್ಕೆ ಠಾಣೆಗೆ ಕೊಟ್ಟ ದೂರಿನಲ್ಲಿ ಸಿವಿಲ್ ದಾವೆ ಇದೆ ಅನ್ನುವ ಸುಳಿವೇ ಇರಲಿಲ್ಲ.

ಕೇಸ್ ರದ್ದಾಯಿತು. ಲ್ಯಾಮಿನೇಷನ್ ಮಾಡಿದ ರಸೀದಿ ಈಗಲೂ ಬೀರುವಿನಲ್ಲಿದೆ.

ಕ್ವಾಶ್ ಅರ್ಜಿಯಲ್ಲಿ ಹೈಕೋರ್ಟ್ ಸಾಕ್ಷಿ ವಿಚಾರಣೆ ಮಾಡುವುದಿಲ್ಲ. ನೀವು ಆ ದಿನ ಊರಲ್ಲಿ ಇರಲಿಲ್ಲ, ಅವನು ಸುಳ್ಳುಗಾರ, ಸಾಕ್ಷಿಗಳೆಲ್ಲ ಅವನ ನೆಂಟರೇ, ಇವೆಲ್ಲ ನಿಜವೇ ಇರಬಹುದು, ಆದರೆ ನಿಜವೋ ಸುಳ್ಳೋ ಅಂತ ನೋಡೋದು ವಿಚಾರಣಾ ನ್ಯಾಯಾಲಯದ ಕೆಲಸ. ಹೈಕೋರ್ಟ್ ಮುಖ್ಯವಾಗಿ ಕೇಳೋದು ಒಂದೇ ಪ್ರಶ್ನೆ: ದೂರಿನಲ್ಲಿ ಬರೆದದ್ದನ್ನೆಲ್ಲ ನಿಜ ಅಂತಲೇ ಇಟ್ಟುಕೊಂಡರೂ ಅದು ಅಪರಾಧ ಆಗುತ್ತದಾ? ಎದುರಿನವರ ದುರುದ್ದೇಶ ಆಮೇಲೆ ಬರುತ್ತದೆ. ಬರೀ 'ದ್ವೇಷದಿಂದ ಹಾಕಿದ್ದಾರೆ' ಅಂತ ಇಪ್ಪತ್ತು ಪುಟ ಬರೆದರೆ ಏನೂ ಆಗುವುದಿಲ್ಲ. ದ್ವೇಷ ಇರುವವನಿಗೂ ನಿಜವಾಗಿಯೇ ಏಟು ಬಿದ್ದಿರಬಹುದಲ್ವಾ?

ಮೊದಲ ಎರಡು ಮೂರು ದಿನ

ಎಫ್‌ಐಆರ್ ಪ್ರತಿ ತೆಗೆದುಕೊಳ್ಳಿ. ಎಫ್‌ಐಆರ್‌ಗಳನ್ನು 24 ಗಂಟೆಯೊಳಗೆ ವೆಬ್‌ಸೈಟಿಗೆ ಹಾಕಬೇಕು ಅಂತ ಸುಪ್ರೀಂ ಕೋರ್ಟ್ 2016ರಲ್ಲೇ ಹೇಳಿದೆ (ಸೂಕ್ಷ್ಮ ಪ್ರಕರಣ ಬಿಟ್ಟು). ಕರ್ನಾಟಕ ಪೊಲೀಸ್ ವೆಬ್‌ಸೈಟಿನಲ್ಲಿ ಠಾಣೆ ಹೆಸರು, ನಂಬರ್ ಹಾಕಿ ಹುಡುಕಬಹುದು. ಆದರೆ ಅದಷ್ಟೇ ಸಾಕಾಗಲ್ಲ. ಜೊತೆಗೆ ಲಗತ್ತಿಸಿದ ಮೂಲ ದೂರು ಬೇಕೇ ಬೇಕು. ಅದು ಕೈಬರಹವೋ, ಟೈಪ್ ಮಾಡಿಸಿ ತಂದದ್ದೋ, ಯಾವ ತಾರೀಖು, ಎಷ್ಟು ಗಂಟೆಗೆ ಸ್ವೀಕರಿಸಿದ್ದಾರೆ, ಎಲ್ಲವೂ ಮುಂದೆ ಬೇಕಾಗುತ್ತದೆ. ಕೋರ್ಟಿಗೆ ನಕಲು ಅರ್ಜಿ ಹಾಕಿದರೆ ದೃಢೀಕೃತ ಪ್ರತಿ ಸಿಗುತ್ತದೆ.

ಬಂಧನದ ಭಯ ಎಲ್ಲರಿಗೂ ಇರುತ್ತದೆ. ಏಳು ವರ್ಷದವರೆಗೆ ಶಿಕ್ಷೆ ಇರುವ ಅಪರಾಧಗಳಲ್ಲಿ ಸುಮ್ನೆ ಹಿಡಿದು ಒಳಗೆ ಹಾಕುವಂತಿಲ್ಲ, ಬಂಧನ ಯಾಕೆ ಬೇಕು ಅಂತ ಪೊಲೀಸರು ಕಾರಣ ಬರೆಯಬೇಕು. ಇದು 2014ರ ಅರ್ನೇಶ್ ಕುಮಾರ್ ತೀರ್ಪು. ಸಾಮಾನ್ಯವಾಗಿ ಬಿಎನ್‌ಎಸ್‌ಎಸ್ 35(3)ರ ಅಡಿ ನೋಟಿಸ್ ಬರುತ್ತದೆ. ಬಂದರೆ ಹೋಗಿ. ತಪ್ಪಿಸಿಕೊಂಡು ತಿರುಗಿದರೆ ನೀವೇ ಅವರ ಕೈಗೆ ಕಾರಣ ಕೊಟ್ಟ ಹಾಗೆ. ಆದರೆ ನಕಲಿ ದಾಖಲೆ ಸೃಷ್ಟಿಯ ಕಲಂ ಹಾಕಿದ್ದರೆ ಮಾತು ಬೇರೆ. ಕ್ರಯಪತ್ರ, ವಿಲ್ ಇಂಥವನ್ನು ಫೋರ್ಜರಿ ಮಾಡಿದ ಆರೋಪಕ್ಕೆ ಬಿಎನ್‌ಎಸ್ 338 ಬರುತ್ತದೆ (ಹಳೆಯ 467). ಅದಕ್ಕೆ ಜೀವಾವಧಿವರೆಗೂ ಶಿಕ್ಷೆ ಇದೆ. ಅಂಥ ಕಡೆ ಮೊದಲು ನಿರೀಕ್ಷಣಾ ಜಾಮೀನು, ಕ್ವಾಶ್ ಆಮೇಲೆ.

ಮಾಡಬಾರದ ಕೆಲಸವೂ ಒಂದಿದೆ. ಸಿಟ್ಟಿನಲ್ಲಿ ನೀವೂ ಹೋಗಿ ಒಂದು ಪ್ರತಿದೂರು ಬರೆಸಬೇಡಿ. ನಿಜವಾಗಿಯೂ ಏನಾದರೂ ನಡೆದಿದ್ದರೆ ಕೊಡಿ, ಬೇಡ ಅನ್ನುವುದಿಲ್ಲ. ಆದರೆ 'ಅವತ್ತು ಗಲಾಟೆ ಆಯಿತು, ಅವರೇ ಮೊದಲು ಬೈದರು' ಅಂತ ಬರೆದುಬಿಟ್ಟರೆ ಗಲಾಟೆ ನಡೆದದ್ದನ್ನು ನೀವೇ ಒಪ್ಪಿಕೊಂಡಂತಾಯಿತು. ವಾಟ್ಸ್‌ಆ್ಯಪ್ ಗ್ರೂಪಿನಲ್ಲಿ ಬೈದಾಡೋದೂ ಅಷ್ಟೇ. ಸ್ಕ್ರೀನ್‌ಶಾಟ್ ತೆಗೆದಿಟ್ಟುಕೊಳ್ಳಲು ಒಬ್ಬ ಭಾವಮೈದ ಇದ್ದೇ ಇರುತ್ತಾನೆ.

ದೂರನ್ನು ಕಲಂ ಕಲಂ ಬಿಡಿಸಿ ಓದಿ

ಇಲ್ಲೇ ಅರ್ಧ ಕೇಸ್ ಇರೋದು. ಪೆನ್ಸಿಲ್ ಹಿಡಿದು ಕೂತುಕೊಳ್ಳಿ.

ಮೋಸ, ಅಂದರೆ ಹಳೆಯ 420, ಈಗಿನ ಬಿಎನ್‌ಎಸ್ 318(4). ಜಮೀನಿನ ಕೇಸುಗಳಲ್ಲಿ ಜಾಸ್ತಿ ಬಳಕೆಯಾಗುವುದು ಇದೇ. ಅಡ್ವಾನ್ಸ್ ತೆಗೆದುಕೊಂಡು ರಿಜಿಸ್ಟ್ರೇಷನ್ ಮಾಡಿಕೊಡಲಿಲ್ಲ ಅಂತ ದೂರು. ಮಾಡಿಕೊಡದೇ ಇದ್ದದ್ದು ತಪ್ಪೇ ಇರಬಹುದು, ಆದರೆ ಅದು ಕರಾರು ಮುರಿದದ್ದು. ಮೋಸ ಆಗಬೇಕಾದರೆ ಅಗ್ರಿಮೆಂಟ್‌ಗೆ ಸಹಿ ಹಾಕುವ ಹೊತ್ತಿನಲ್ಲೇ ಕೈಕೊಡುವ ಯೋಚನೆ ಇರಬೇಕು. ಸುಪ್ರೀಂ ಕೋರ್ಟ್ ಇದನ್ನು 2000ದಲ್ಲಿ ಬಿಹಾರದ ಒಂದು ಜಮೀನಿನ ಕೇಸಿನಲ್ಲಿ ಬಿಡಿಸಿ ಹೇಳಿತು. 2023ರ ಮಾರ್ಚ್‌ನಲ್ಲಿ ಪಂಜಾಬಿನ ಒಂದು ಪ್ಲಾಟ್ ಮಾರಾಟದ ಕೇಸಿನಲ್ಲಿ ಅದನ್ನೇ ಮತ್ತೆ ಹೇಳಿ ಎಫ್‌ಐಆರ್ ರದ್ದು ಮಾಡಿತು. ಹಾಗಾಗಿ ದೂರಿನಲ್ಲಿ ಹುಡುಕಬೇಕಾದ ಸಾಲು ಇದು: ಮೊದಲ ದಿನವೇ ಮೋಸ ಮಾಡುವ ಉದ್ದೇಶ ಇತ್ತು ಅಂತ ತೋರಿಸುವ ಒಂದಾದರೂ ಸಂಗತಿ ಇದೆಯಾ? ಅಡ್ವಾನ್ಸ್ ಕೊಟ್ಟ ಮೇಲೆ ಎರಡು ಸಲ ಅವಧಿ ವಿಸ್ತರಣೆ ಮಾಡಿಕೊಂಡಿದ್ದಾರೆ ಅಂತ ದೂರಿನಲ್ಲೇ ಬರೆದಿದ್ದರೆ ಅದು ನಿಮ್ಮ ಪರವಾದ ಸಾಲು. ಕೆಳಗೆ ಗೆರೆ ಎಳೆಯಿರಿ.

ನಂಬಿಕೆ ದ್ರೋಹ, ಹಳೆಯ 406, ಈಗ 316(2). ಅನೇಕರು ಮೋಸ ಮತ್ತು ನಂಬಿಕೆ ದ್ರೋಹ ಎರಡನ್ನೂ ಒಂದೇ ವ್ಯವಹಾರಕ್ಕೆ ಜೋಡಿ ಎತ್ತಿನ ಹಾಗೆ ಕಟ್ಟುತ್ತಾರೆ. 2024ರ ಆಗಸ್ಟ್‌ನಲ್ಲಿ ಡೆಲ್ಲಿ ರೇಸ್ ಕ್ಲಬ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇವೆರಡೂ ಒಂದೇ ಸಂಗತಿಯ ಮೇಲೆ ಒಟ್ಟಿಗೆ ನಿಲ್ಲುವುದಿಲ್ಲ ಅಂತ ಹೇಳಿತು. ಒಂದರಲ್ಲಿ ಮೊದಲಿನಿಂದಲೇ ವಂಚನೆ. ಇನ್ನೊಂದರಲ್ಲಿ ಮೊದಲು ನಂಬಿ ಒಪ್ಪಿಸಿರುತ್ತಾರೆ, ಆಮೇಲೆ ದ್ರೋಹ. ಎರಡೂ ಒಟ್ಟಿಗೆ ಹೇಗೆ ಆಗುತ್ತದೆ?

ನಕಲಿ ದಾಖಲೆ. ಇದರ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು, ಯಾಕೆಂದರೆ ಪಾಲಿನ ಜಗಳಗಳಲ್ಲಿ ಇದು ಮಾಮೂಲಿ. ಅಣ್ಣ ತನ್ನ ಪಾಲು ಅಂತ ಹೇಳಿ ಒಂದು ಎಕರೆ ಮಾರುತ್ತಾನೆ. ತಮ್ಮ ಬಂದು 'ಅದು ನನ್ನ ಪಾಲು, ಅಣ್ಣ ಸುಳ್ಳು ಕ್ರಯಪತ್ರ ಸೃಷ್ಟಿ ಮಾಡಿದ್ದಾನೆ' ಅಂತ ಫೋರ್ಜರಿ ಕೇಸ್ ಹಾಕುತ್ತಾನೆ. 2009ರ ಮೊಹಮ್ಮದ್ ಇಬ್ರಾಹಿಂ ವರ್ಸಸ್ ಬಿಹಾರ ರಾಜ್ಯ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇಷ್ಟು: ಒಬ್ಬ ತನ್ನದೇ ಹೆಸರಿನಲ್ಲಿ, ತನ್ನದೇ ಸಹಿ ಹಾಕಿ, ಇದು ನನ್ನ ಆಸ್ತಿ ಅಂತ ಹೇಳಿ ಕ್ರಯಪತ್ರ ಬರೆದರೆ, ಆಸ್ತಿ ಅವನದ್ದಲ್ಲದೇ ಇದ್ದರೂ ಆ ಪತ್ರ 'ಸುಳ್ಳು ದಾಖಲೆ' ಆಗುವುದಿಲ್ಲ. ಬೇರೆಯವನ ಹೆಸರಿನಲ್ಲಿ ಸಹಿ ಹಾಕಿದರೆ, ಇರುವ ಪತ್ರವನ್ನು ತಿದ್ದಿದರೆ, ಬುದ್ಧಿ ಸ್ಥಿಮಿತದಲ್ಲಿ ಇಲ್ಲದವರಿಂದ ಅಥವಾ ಮೋಸದಿಂದ ಸಹಿ ಹಾಕಿಸಿಕೊಂಡರೆ ಆಗುತ್ತದೆ. ಇನ್ನೂ ಒಂದು ಮಾತು ಅದರಲ್ಲಿದೆ. ಹಕ್ಕಿಲ್ಲದವನು ಮಾರಿದರೆ ಮೋಸ ಹೋಗುವವನು ಖರೀದಿದಾರ, ಮೋಸದ ದೂರು ಕೊಡಬೇಕಾದವನೂ ಅವನೇ. ಪಕ್ಕದಲ್ಲಿ ನಿಂತ ತಮ್ಮನಿಗೆ ಸಿವಿಲ್ ಕೋರ್ಟಿನ ಬಾಗಿಲು ತೆರೆದೇ ಇದೆ. ಹಾಗಂತ ಆ ಕೇಸ್ ಪೂರ್ತಿ ಬಿದ್ದುಹೋಗಲಿಲ್ಲ. ಮೋಸ, ಫೋರ್ಜರಿ ಹೋದವು, ಉಳಿದ ಸಣ್ಣ ಆರೋಪಗಳು ಉಳಿದವು. ನಿಮ್ಮ ಕೇಸಿನಲ್ಲೂ ಹೀಗೆ ಅರ್ಧ ಗೆಲುವು ಸಿಗಬಹುದು. ಅದನ್ನು ಸೋಲು ಅಂದುಕೊಳ್ಳಬೇಡಿ. ಜೀವಾವಧಿಯ ಕಲಂ ಹೋಗಿ ಬೈಗುಳದ ಕಲಂ ಉಳಿಯುವುದು ದೊಡ್ಡ ವ್ಯತ್ಯಾಸ.

ಅತಿಕ್ರಮ ಪ್ರವೇಶ, ಬೈಗುಳ, ಬೆದರಿಕೆ. ಈ ಮೂರು ಯಾಕೆ ಯಾವಾಗಲೂ ಒಟ್ಟಿಗೆ ಬರುತ್ತವೆ ಗೊತ್ತಾ? ಬೈಗುಳ (ಬಿಎನ್‌ಎಸ್ 352) ಮತ್ತು ಬೆದರಿಕೆ (351) ಅಸಂಜ್ಞೇಯ ಅಪರಾಧಗಳು. ಮ್ಯಾಜಿಸ್ಟ್ರೇಟ್ ಅನುಮತಿ ಇಲ್ಲದೆ ಪೊಲೀಸರು ತನಿಖೆ ಮಾಡುವಂತಿಲ್ಲ. ಅತಿಕ್ರಮ ಪ್ರವೇಶ (329(3)) ಸಂಜ್ಞೇಯ. ಒಂದು ಸಂಜ್ಞೇಯ ಕಲಂ ಸೇರಿದರೆ ಇಡೀ ಕೇಸ್ ಸಂಜ್ಞೇಯ ಆಗಿಬಿಡುತ್ತದೆ. ಹಾಗಾಗಿ ದೂರು ಬರೆಸುವವರಿಗೆ 'ಜಮೀನಿನೊಳಗೆ ನುಗ್ಗಿ' ಅನ್ನೋ ಎರಡು ಪದ ಬಹಳ ಮುಖ್ಯ. ಆ ಎರಡು ಪದ ನಿಲ್ಲುತ್ತವಾ ಅಂತ ನೋಡಿ. ನಿಂತಿಲ್ಲ ಅಂದರೆ ಉಳಿದವು ಅಸಂಜ್ಞೇಯ. ಅವಕ್ಕೆ ಮ್ಯಾಜಿಸ್ಟ್ರೇಟ್ ಅನುಮತಿ ಕೊಟ್ಟಿದ್ದರೂ ಆ ಆದೇಶ ಹೇಗಿದೆ ನೋಡಿ. ಠಾಣೆಯ ಕೋರಿಕೆ ಪತ್ರದ ಮೂಲೆಯಲ್ಲಿ 'ಅನುಮತಿಸಿದೆ' ಅಂತ ಒಂದೇ ಪದ ಬರೆದು ಸಹಿ ಹಾಕಿದ್ದರೆ, ಮನಸ್ಸಿಟ್ಟು ನೋಡಿ ಕೊಟ್ಟ ಆದೇಶ ಅಲ್ಲ ಅಂತ ಕರ್ನಾಟಕ ಹೈಕೋರ್ಟ್ ಎಷ್ಟೋ ಕೇಸುಗಳನ್ನು ರದ್ದು ಮಾಡಿದೆ.

ಬೈಗುಳದ ಬಗ್ಗೆ ಒಂದು ಸಣ್ಣ ಮಾತು. 'ಅವಾಚ್ಯ ಶಬ್ದ' ಅಂದರೆ ಯಾವ ಶಬ್ದ? 'ಜೀವ ಬೆದರಿಕೆ' ಅಂದರೆ ಏನು ಅಂದರು? ಇದೇ ಸಿದ್ಧ ವಾಕ್ಯವನ್ನು ನೂರು ದೂರಿನಲ್ಲಿ ನೋಡಬಹುದು. ಆಡಿದ ಮಾತೇನು ಅಂತ ದೂರಿನಲ್ಲಿ ಎಲ್ಲೂ ಇಲ್ಲದಿದ್ದರೆ ಅದನ್ನೂ ಬರೆದುಕೊಳ್ಳಿ.

ಪರಿಶಿಷ್ಟ ಜಾತಿ, ಪಂಗಡದವರ ಮೇಲಿನ ದೌರ್ಜನ್ಯ ತಡೆ ಕಾಯ್ದೆ (ಅಟ್ರಾಸಿಟಿ) ಹಾಕಿದ್ದರೆ ಹುಷಾರಾಗಿ ಮಾತಾಡಬೇಕು. 2020ರ ನವೆಂಬರ್‌ನಲ್ಲಿ ಹಿತೇಶ್ ವರ್ಮಾ ಕೇಸಿನಲ್ಲಿ ಸುಪ್ರೀಂ ಕೋರ್ಟ್, ಆಸ್ತಿ ಜಗಳದಲ್ಲಿ ನಾಲ್ಕು ಗೋಡೆಯೊಳಗೆ, ಸಾರ್ವಜನಿಕರ ಕಣ್ಣಿಗೆ ಬೀಳದ ಕಡೆ ಆಡಿದ ಮಾತಿಗೆ ಆ ಕಾಯ್ದೆಯ ಜಾತಿ ನಿಂದನೆಯ ಕಲಂ ಬರುವುದಿಲ್ಲ ಅಂತ ಹೇಳಿ ಆ ಭಾಗವನ್ನು ರದ್ದು ಮಾಡಿತು. ಇದನ್ನು ಹಿಡಿದುಕೊಂಡು 'ಜಮೀನಿನ ಜಗಳಕ್ಕೆ ಅಟ್ರಾಸಿಟಿ ಬರಲ್ಲ' ಅಂತ ಹೇಳಿಕೊಂಡು ತಿರುಗುವವರಿದ್ದಾರೆ. ತಪ್ಪು. ಪರಿಶಿಷ್ಟರ ಜಮೀನನ್ನು ಅಕ್ರಮವಾಗಿ ಆಕ್ರಮಿಸುವುದು, ಅವರನ್ನು ಒಕ್ಕಲೆಬ್ಬಿಸುವುದು ಅದೇ ಕಾಯ್ದೆಯಲ್ಲಿ ಪ್ರತ್ಯೇಕ ಅಪರಾಧ. ಅವರಿಗೆ ಮಂಜೂರಾದ ಜಮೀನಿನ ವಿಷಯವಾದರೆ ಕರ್ನಾಟಕದಲ್ಲಿ ಅಂಥ ಜಮೀನಿನ ಪರಭಾರೆ ತಡೆಯುವ 1978ರ ಪಿಟಿಸಿಎಲ್ ಕಾಯ್ದೆಯೂ ಇದೆ. ಜಮೀನು ನಿಜಕ್ಕೂ ಅವರದ್ದಾಗಿದ್ದರೆ ಕ್ವಾಶ್ ಕನಸು ಬಿಡಿ. ಮೊದಲು ಜಮೀನು ಬಿಡಿ.

ತಾರೀಖಿನ ಪಟ್ಟಿ

ಎದುರಿನವರ ಉದ್ದೇಶ ಅವರ ತಲೆಯೊಳಗೆ ಇರುತ್ತದೆ. ಅದನ್ನು ತೋರಿಸಲು ನಿಮ್ಮ ಕೈಲಿರುವ ಒಂದೇ ಸಾಧನ ತಾರೀಖು. ನಮ್ಮ ವಕೀಲರು ಅಪ್ಪನ ಹತ್ತಿರ ಮೊದಲು ಮಾಡಿಸಿದ್ದೂ ಇದನ್ನೇ. ಒಂದೇ ಒಂದು ಹಾಳೆ, ಎಡಕ್ಕೆ ತಾರೀಖು, ಬಲಕ್ಕೆ ಏನಾಯಿತು, ಅದಕ್ಕೆ ದಾಖಲೆ ಯಾವುದು. ಭಾವನೆ ಏನೂ ಬರೆಯುವ ಹಾಗಿಲ್ಲ. ಅಪ್ಪ 'ಅವತ್ತು ನನಗೆ ತುಂಬಾ ನೋವಾಯಿತು' ಅಂತ ಬರೆದದ್ದನ್ನು ಅವರು ಹೊಡೆದು ಹಾಕಿದರು.

ಪಟ್ಟಿಯಲ್ಲಿ ಏನೆಲ್ಲ ಬರಬೇಕು? ವಿಭಾಗಪತ್ರ ಅಥವಾ ಕ್ರಯಪತ್ರದ ದಿನ. ಮ್ಯುಟೇಶನ್ ಆದ ದಿನ. ಹದ್ದುಬಸ್ತಿಗೆ ಅರ್ಜಿ ಕೊಟ್ಟ ದಿನ, ಸರ್ವೆಯವರು ಬಂದ ದಿನ, ಎದುರಿನವರು ಸಹಿ ಹಾಕಲು ಒಪ್ಪದ ದಿನ. ಲೀಗಲ್ ನೋಟಿಸ್. ಸಿವಿಲ್ ದಾವೆಯ ನಂಬರ್ ಮತ್ತು ದಿನ. ತಡೆಯಾಜ್ಞೆ ಸಿಕ್ಕ ಅಥವಾ ಅವರ ಅರ್ಜಿ ವಜಾ ಆದ ದಿನ. ದೂರಿನಲ್ಲಿ ಹೇಳಿದ ಘಟನೆಯ ದಿನ. ದೂರು ಕೊಟ್ಟ ದಿನ. ಇಷ್ಟನ್ನು ಒಂದರ ಕೆಳಗೆ ಒಂದು ಬರೆದರೆ ನ್ಯಾಯಾಧೀಶರಿಗೆ ನೀವು ಹೇಳಬೇಕಾದ್ದೇ ಇರುವುದಿಲ್ಲ. ತಡೆಯಾಜ್ಞೆ ಮತ್ತು ದೂರು ಅಕ್ಕಪಕ್ಕ ಕೂತಿರುತ್ತವೆ.

ತಡವೂ ಇಲ್ಲೇ ಕಣ್ಣಿಗೆ ಬೀಳುತ್ತದೆ. ಸಂಜ್ಞೇಯ ಅಪರಾಧದ ಮಾಹಿತಿ ಬಂದರೆ ಎಫ್‌ಐಆರ್ ಹಾಕಲೇಬೇಕು ಅಂತ 2013ರ ಲಲಿತಾ ಕುಮಾರಿ ತೀರ್ಪು ಹೇಳುತ್ತದೆ. ಆದರೆ ಕಾರಣವಿಲ್ಲದೆ ಮೂರು ತಿಂಗಳಿಗಿಂತ ಜಾಸ್ತಿ ತಡವಾದರೆ ಮೊದಲು ಪ್ರಾಥಮಿಕ ವಿಚಾರಣೆ ಮಾಡಬಹುದು ಅಂತಲೂ ಅದರಲ್ಲೇ ಇದೆ. ಬಿಎನ್‌ಎಸ್‌ಎಸ್ 173(3) ಇನ್ನೊಂದು ದಾರಿ ಕೊಟ್ಟಿದೆ. ಮೂರರಿಂದ ಏಳು ವರ್ಷದೊಳಗಿನ ಶಿಕ್ಷೆಯ ಅಪರಾಧವಾದರೆ ಡಿವೈಎಸ್‌ಪಿ ಅನುಮತಿ ಪಡೆದು 14 ದಿನದಲ್ಲಿ ಪ್ರಾಥಮಿಕ ವಿಚಾರಣೆ ಮಾಡಬಹುದು. ಕಾಲಮಿತಿಯನ್ನೂ ನೋಡಿ. ಬರೀ ಅತಿಕ್ರಮ ಪ್ರವೇಶಕ್ಕೆ ಗರಿಷ್ಠ ಶಿಕ್ಷೆ ಮೂರು ತಿಂಗಳು. ಅಂಥ ಅಪರಾಧವನ್ನು ಒಂದು ವರ್ಷ ಕಳೆದ ಮೇಲೆ ಕೋರ್ಟ್ ವಿಚಾರಣೆಗೆ ತೆಗೆದುಕೊಳ್ಳುವಂತಿಲ್ಲ (ಬಿಎನ್‌ಎಸ್‌ಎಸ್ 514). ಜೊತೆಗೆ ದೊಡ್ಡ ಕಲಂ ಇದ್ದರೆ ಲೆಕ್ಕ ಅದರ ಪ್ರಕಾರ ಬದಲಾಗುತ್ತದೆ.

ಸಿವಿಲ್ ದಾವೆ ಇರುವುದನ್ನು ದೂರಿನಲ್ಲಿ ಮುಚ್ಚಿಟ್ಟಿದ್ದರೆ ಅದನ್ನು ದಪ್ಪ ಅಕ್ಷರದಲ್ಲಿ ಬರೆಯಿರಿ. ಈ ಮುಚ್ಚಿಡುವಿಕೆಗೆ ಕೋರ್ಟುಗಳು ಕೊಡುವ ತೂಕ ದೊಡ್ಡದು.

ಯಾವ ಬಾಗಿಲು ಯಾವಾಗ

ಎಲ್ಲರೂ ಮೊದಲ ದಿನವೇ ಹೈಕೋರ್ಟಿಗೆ ಓಡಬೇಕಾಗಿಲ್ಲ. ಖರ್ಚೂ ಕಡಿಮೆ ಏನಲ್ಲ.

ತನಿಖೆ ನಡೆಯುತ್ತಿದ್ದರೆ ತನಿಖಾಧಿಕಾರಿಗೆ ನಿಮ್ಮ ದಾಖಲೆಗಳನ್ನೆಲ್ಲ ಒಂದು ಮನವಿಯ ಜೊತೆ ಕೊಡಿ, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಬಾಯಿಮಾತಿನಲ್ಲಿ ಹೇಳಿ ಬಂದರೆ ಹೇಳಿದ್ದಕ್ಕೆ ಗುರುತೇ ಇರುವುದಿಲ್ಲ. ಸಿವಿಲ್ ಸ್ವರೂಪದ್ದು ಅಂತ ಮನವರಿಕೆಯಾದರೆ ಬಿ ರಿಪೋರ್ಟ್, ಅಂದರೆ ಕೇಸ್ ಮುಗಿಸುವ ವರದಿ ಹಾಕುತ್ತಾರೆ. ಎದುರಿನವರು ಅದನ್ನು ಪ್ರಶ್ನಿಸಿ ಪ್ರೊಟೆಸ್ಟ್ ಅರ್ಜಿ ಹಾಕಬಹುದು, ಹಾಗಾಗಿ ಬಿ ರಿಪೋರ್ಟ್ ಬಂತು ಅಂತ ಫೈಲ್ ಅಟ್ಟಕ್ಕೆ ಹಾಕಬೇಡಿ.

ಕೇಸ್ ಹಾಕಲು ಬರುವುದಿಲ್ಲ ಅಂತ ಪೊಲೀಸರು ಹಿಂಬರಹ ಕೊಟ್ಟು ಕಳಿಸಿದವರು ಪಿಸಿಆರ್ ಹಾಕುತ್ತಾರೆ, ಅಂದರೆ ಮ್ಯಾಜಿಸ್ಟ್ರೇಟ್ ಮುಂದೆ ಖಾಸಗಿ ದೂರು. ಇಲ್ಲಿ ಎರಡು ವಿಷಯ ನೋಡಿ. ಪೊಲೀಸ್ ತನಿಖೆಗೆ ಆದೇಶ ಕೇಳುವ ಅರ್ಜಿಯ ಜೊತೆ ಪ್ರಮಾಣಪತ್ರ ಇರಬೇಕು, ಅದಕ್ಕೆ ಮೊದಲು ಠಾಣೆಗೆ, ಆಮೇಲೆ ಎಸ್‌ಪಿಗೆ ದೂರು ಕೊಟ್ಟಿರಬೇಕು. 2015ರ ಪ್ರಿಯಾಂಕಾ ಶ್ರೀವಾಸ್ತವ ತೀರ್ಪು ಹೇಳಿದ್ದು ಇದನ್ನೇ. ಬಿಎನ್‌ಎಸ್‌ಎಸ್ 175(3) ಅದನ್ನು ಕಾನೂನಿನೊಳಗೇ ತಂದಿದೆ. ಎರಡನೆಯದು ಹೊಸದು ಮತ್ತು ಬಹಳ ಜನಕ್ಕೆ ಗೊತ್ತಿಲ್ಲದ್ದು: ಬಿಎನ್‌ಎಸ್‌ಎಸ್ 223ರ ಪ್ರಕಾರ ಖಾಸಗಿ ದೂರಿನ ಮೇಲೆ ಕಾಗ್ನಿಜೆನ್ಸ್ ತೆಗೆದುಕೊಳ್ಳುವ (ಕೇಸನ್ನು ಕೋರ್ಟ್ ಪರಿಗಣನೆಗೆ ತೆಗೆದುಕೊಳ್ಳುವ) ಮೊದಲು ಆರೋಪಿಗೆ ಮಾತಾಡಲು ಅವಕಾಶ ಕೊಡಲೇಬೇಕು. ಮೊದಲು ಹೀಗಿರಲಿಲ್ಲ, ಸಮನ್ಸ್ ಬಂದ ಮೇಲೇ ಗೊತ್ತಾಗುತ್ತಿತ್ತು. ಆ ನೋಟಿಸ್ ಬಂದರೆ ಸದರಿ ಸಿವಿಲ್ ದಾವೆಯ ಪ್ರತಿ, ತಡೆಯಾಜ್ಞೆ ಎಲ್ಲ ಹಿಡಿದುಕೊಂಡು ಹೋಗಿ. ಅಲ್ಲೇ ಮುಗಿದರೆ ಬೆಂಗಳೂರು ಬಸ್ ಹತ್ತುವುದು ತಪ್ಪುತ್ತದೆ.

ಹೈಕೋರ್ಟ್ ಅಂದರೆ ಎಲ್ಲರಿಗೂ ಬೆಂಗಳೂರು ಅಲ್ಲ. ಬೆಳಗಾವಿ, ಗದಗ, ಹಾವೇರಿ, ಉತ್ತರ ಕನ್ನಡ, ಬಳ್ಳಾರಿ ಕಡೆಯವರಿಗೆ ಧಾರವಾಡ ಪೀಠ. ಬೀದರ್, ರಾಯಚೂರು, ಯಾದಗಿರಿ, ವಿಜಯಪುರದವರಿಗೆ ಕಲಬುರಗಿ ಪೀಠ. 528ರ ಅಡಿ ಹಾಕುವುದನ್ನು ಕ್ರಿಮಿನಲ್ ಪಿಟಿಷನ್ ಅನ್ನುತ್ತಾರೆ. ಅದರಲ್ಲಿ ರಾಜ್ಯ ಒಬ್ಬ ಎದುರುದಾರ, ದೂರುದಾರ ಇನ್ನೊಬ್ಬ. ಎಫ್‌ಐಆರ್, ದೂರು, ಪಿಸಿಆರ್ ಆದರೆ ಅದರ ಆರ್ಡರ್ ಶೀಟ್, ಚಾರ್ಜ್‌ಶೀಟ್ ಬಂದಿದ್ದರೆ ಅದು, ಸಿವಿಲ್ ಕೋರ್ಟಿನ ದಾವಾ ಪತ್ರ, ತಕರಾರು, ಆದೇಶ, ಪಹಣಿ, ಸರ್ವೆ ಸ್ಕೆಚ್ ಬೇಕು.

ಚಾರ್ಜ್‌ಶೀಟ್ ಬಂದುಬಿಟ್ಟರೆ ಕ್ವಾಶ್ ಆಗಲ್ಲ ಅನ್ನುವ ಮಾತಿದೆ. ಅದು ತಪ್ಪು. ದೆಹಲಿಯ ಒಂದು ಆಸ್ತಿ ಅಭಿವೃದ್ಧಿ ಒಪ್ಪಂದದ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2018ರಲ್ಲಿ ಚಾರ್ಜ್‌ಶೀಟ್ ಬಂದ ಮೇಲೂ ರದ್ದು ಮಾಡಿತು.

ವಾದದ ಬುನಾದಿ 1990ರ ಭಜನ್ ಲಾಲ್ ತೀರ್ಪು. ಹರಿಯಾಣದ ಮುಖ್ಯಮಂತ್ರಿಯಾಗಿದ್ದವರ ಕೇಸ್ ಅದು. ಕೇಸ್ ರದ್ದು ಮಾಡಬಹುದಾದ ಏಳು ಸಂದರ್ಭಗಳನ್ನು ಕೋರ್ಟ್ ಪಟ್ಟಿ ಮಾಡಿತು. ಏಳನೆಯದು ದುರುದ್ದೇಶ, ಸೇಡಿನ ಕೇಸ್. ಎಲ್ಲರೂ ಏಳನೆಯದಕ್ಕೇ ಜೋತುಬೀಳುತ್ತಾರೆ. ನನ್ನ ಅನಿಸಿಕೆ ಕೇಳಿದರೆ ಒಂದನೆಯದು ಗಟ್ಟಿ: ದೂರಿನಲ್ಲಿ ಇರುವುದನ್ನು ಹಾಗೇ ಒಪ್ಪಿದರೂ ಅಪರಾಧ ಕಾಣುವುದಿಲ್ಲ ಅನ್ನೋದು. ಏಳನೆಯದನ್ನು ಅದರ ಬೆನ್ನಿಗೆ ಇಡಿ. 2006ರ ಇಂಡಿಯನ್ ಆಯಿಲ್ ತೀರ್ಪಿನಲ್ಲಿ ಸಿವಿಲ್ ಜಗಳವನ್ನು ಕ್ರಿಮಿನಲ್ ಕೇಸಿನ ಒತ್ತಡದಿಂದ ಬಗೆಹರಿಸಿಕೊಳ್ಳುವ ಚಾಳಿಯನ್ನು ಕೋರ್ಟ್ ಖಂಡಿಸಿದೆ. 2023ರ ಮಹಮೂದ್ ಅಲಿ ತೀರ್ಪು ಇನ್ನೂ ಮುಂದೆ ಹೋಗಿ, ಸೇಡಿಗೆ ಹಾಕಿದ ಕೇಸ್ ಅಂತ ಬಂದವರ ವಿಷಯದಲ್ಲಿ ಸಾಲುಗಳ ನಡುವೆ ಇರುವುದನ್ನೂ ಓದಿ ಅಂತ ಹೇಳುತ್ತದೆ, ಯಾಕೆಂದರೆ ಬೇಕಂತಲೇ ಕೇಸ್ ಹಾಕುವವನು ಅಪರಾಧಕ್ಕೆ ಬೇಕಾದ ಪದಗಳನ್ನೆಲ್ಲ ದೂರಿನಲ್ಲಿ ಚೆನ್ನಾಗಿಯೇ ಜೋಡಿಸಿರುತ್ತಾನೆ.

ನಿಮ್ಮ ಕಡೆಯ ದಾಖಲೆ ನೋಡುತ್ತಾರಾ? ನೋಡುತ್ತಾರೆ, ಆದರೆ ಎದುರಿನವರು ಅಲ್ಲಗಳೆಯಲು ಆಗದಂಥದ್ದನ್ನು ಮಾತ್ರ. ನೋಂದಾಯಿತ ಪತ್ರ, ಕೋರ್ಟಿನ ಆದೇಶ, ಅವರೇ ಸಹಿ ಹಾಕಿದ ಕಾಗದ. 2013ರ ರಾಜೀವ್ ಥಾಪರ್ ತೀರ್ಪಿನಲ್ಲಿ ಇದಕ್ಕೆ ನಾಲ್ಕು ಹಂತದ ಪರೀಕ್ಷೆ ಇದೆ. ಪಕ್ಕದ ಮನೆಯವರ ಪ್ರಮಾಣಪತ್ರ, ಫೋಟೋ, ನಮ್ಮ ಲ್ಯಾಮಿನೇಷನ್ ರಸೀದಿ ಈ ಪರೀಕ್ಷೆ ದಾಟುವುದು ಕಷ್ಟ.

ಅರ್ಜಿ ಹಾಕಿದ ಕೂಡಲೇ ತಡೆ ಸಿಗುತ್ತದೆ ಅಂತಲೂ ಅಂದುಕೊಳ್ಳಬೇಡಿ. 2021ರ ನಿಹಾರಿಕಾ ತೀರ್ಪಿನಲ್ಲಿ, ಕಾರಣ ಬರೆಯದೆ 'ಬಲವಂತದ ಕ್ರಮ ಬೇಡ' ಅಂತ ಸಾರಾಸಗಟಾಗಿ ಆದೇಶ ಕೊಡಬೇಡಿ, ತನಿಖೆಯನ್ನು ಮೊಳಕೆಯಲ್ಲೇ ಚಿವುಟಬೇಡಿ ಅಂತ ಹೈಕೋರ್ಟುಗಳಿಗೆ ಹೇಳಿದ್ದಾರೆ.

ಕ್ವಾಶ್ ಆಗದೇ ಹೋದರೆ ಕೆಳಗಿನ ಕೋರ್ಟಿನಲ್ಲಿ ಡಿಸ್ಚಾರ್ಜ್ ಅರ್ಜಿ ಇದೆ, ಅಂದರೆ ವಿಚಾರಣೆ ಶುರುವಾಗುವ ಮೊದಲೇ ಕೇಸಿನಿಂದ ಕೈಬಿಡಿ ಅಂತ ಕೇಳುವುದು. ವಾರಂಟ್ ಕೇಸಿನಲ್ಲಿ (ಎರಡು ವರ್ಷಕ್ಕಿಂತ ಜಾಸ್ತಿ ಶಿಕ್ಷೆ ಇರುವ ಅಪರಾಧದ ಕೇಸ್) ದಾಖಲೆಗಳ ಪ್ರತಿ ಕೊಟ್ಟ ದಿನದಿಂದ 60 ದಿನದೊಳಗೆ ಹಾಕಬೇಕು (ಬಿಎನ್‌ಎಸ್‌ಎಸ್ 262). ಹೈಕೋರ್ಟ್ ಕಾಯುತ್ತಾ ಕೂತು ಈ 60 ದಿನ ಕಳೆದುಕೊಂಡವರು ಬೇಕಾದಷ್ಟು ಜನ ಇರುತ್ತಾರೆ. ಮೊಬೈಲಿನಲ್ಲಿ ಅಲಾರಂ ಇಟ್ಟುಕೊಳ್ಳಿ.

ಯಾವುದು ರದ್ದಾಗುವುದಿಲ್ಲ

ಸಿವಿಲ್ ದಾವೆ ಇದೆ ಅನ್ನೋದೊಂದೇ ಕಾರಣಕ್ಕೆ ರದ್ದಾಗುವುದಿಲ್ಲ. ಒಂದೇ ಸಂಗತಿ ಸಿವಿಲ್ ತಪ್ಪೂ ಆಗಬಹುದು, ಅಪರಾಧವೂ ಆಗಬಹುದು ಅಂತ ಸುಪ್ರೀಂ ಕೋರ್ಟ್ 1999ರಿಂದ ಮತ್ತೆ ಮತ್ತೆ ಹೇಳಿದೆ. ಸತ್ತವರ ಹೆಬ್ಬೆಟ್ಟು ಒತ್ತಿದ ವಿಲ್, ಬೇರೆಯವರನ್ನು ನಿಲ್ಲಿಸಿ ಮಾಡಿಸಿದ ಜಿಪಿಎ (ಅಧಿಕಾರ ಪತ್ರ), ಒಂದೇ ಸೈಟನ್ನು ವಿಷಯ ಮುಚ್ಚಿಟ್ಟು ಇಬ್ಬರಿಗೆ ಮಾರಿದ್ದು, ಇವೆಲ್ಲ ವಿಚಾರಣೆಗೆ ಹೋಗುವ ಕೇಸುಗಳೇ. ಗಾಯದ ಸರ್ಟಿಫಿಕೇಟ್ ಇದ್ದರೂ ಕಷ್ಟ. ಜಗಳ ಜಮೀನಿನದ್ದೇ ಆದರೂ ತಲೆ ಒಡೆದದ್ದು ತಲೆ ಒಡೆದದ್ದೇ.

ರಾಜಿ ಆಗುವ ಹಾಗಿದ್ದರೆ ಅದೂ ಒಂದು ದಾರಿ. 2012ರ ಗಿಯಾನ್ ಸಿಂಗ್ ತೀರ್ಪಿನ ನಂತರ ಸಿವಿಲ್ ಬಣ್ಣವೇ ಎದ್ದು ಕಾಣುವ ಕೇಸುಗಳನ್ನು ಎರಡೂ ಕಡೆಯವರು ಒಪ್ಪಿದರೆ ಹೈಕೋರ್ಟ್ ರದ್ದು ಮಾಡುತ್ತದೆ. ಆದರೆ ರಾಜಿ ಪತ್ರದಲ್ಲಿ ಚಕ್ಕುಬಂದಿ ಸರಿಯಾಗಿ ಬರೆಸಿ, ಸರ್ವೆ ಮಾಡಿಸಿ, ಸಿವಿಲ್ ದಾವೆಯನ್ನೂ ಅದೇ ಷರತ್ತಿನಲ್ಲಿ ಮುಗಿಸಿ. ಇಲ್ಲದಿದ್ದರೆ ಮುಂದಿನ ಮುಂಗಾರಿಗೆ ನೇಗಿಲು ಹೂಡಿದ ದಿನ ಅದೇ ಜಗಳ ಶುರುವಾಗುತ್ತದೆ.

ರದ್ದಾದ ಮೇಲೆ

ಸುಳ್ಳು ಕೇಸ್ ಹಾಕಿದವರಿಗೆ ಏನೂ ಇಲ್ವಾ ಅಂತ ಅಪ್ಪ ಕೇಳಿದ್ದರು. ಇದೆ, ಆದರೆ ಸಲೀಸಲ್ಲ. ದುರುದ್ದೇಶದ ಪ್ರಾಸಿಕ್ಯೂಷನ್ ಅಂತ ಪರಿಹಾರ ಕೇಳಿ ಸಿವಿಲ್ ದಾವೆ ಹಾಕಬಹುದು. ಕೇಸ್ ಮುಗಿದ ದಿನದಿಂದ ಒಂದೇ ವರ್ಷದ ಗಡುವು. ಅಲ್ಲಿ ದುರುದ್ದೇಶವನ್ನು ಸಾಕ್ಷಿ ಸಮೇತ ಸಾಬೀತು ಮಾಡಬೇಕು, ಆಗ ನಮ್ಮ ರಸೀದಿಯಂಥದ್ದು ಕೆಲಸಕ್ಕೆ ಬರುತ್ತದೆ. ಕೆಲವೊಮ್ಮೆ ಕೋರ್ಟೇ ದಂಡ ಹಾಕುತ್ತದೆ. 2025ರ ಏಪ್ರಿಲ್‌ನಲ್ಲಿ ಆಸ್ತಿ ಮಾರಾಟದ ಸಿವಿಲ್ ವಿವಾದಕ್ಕೆ ಎಫ್‌ಐಆರ್ ಹಾಕಿದ್ದಕ್ಕೆ ಸುಪ್ರೀಂ ಕೋರ್ಟ್ ಉತ್ತರ ಪ್ರದೇಶ ಸರ್ಕಾರದ ಮೇಲೇ 50,000 ರೂಪಾಯಿ ಹಾಕಿತು. ಅಪ್ಪ ಪರಿಹಾರದ ದಾವೆಗೆ ಹೋಗಲಿಲ್ಲ. ದಾಯಾದಿಗಳ ಮನೆಯ ಮದುವೆಗೆ ಹೋಗಬೇಕಿತ್ತು, ಅದೂ ಒಂದು ಕಾರಣ.

ಆದೇಶದ ದೃಢೀಕೃತ ಪ್ರತಿಯನ್ನು ನೀವೇ ತೆಗೆದುಕೊಂಡು ಹೋಗಿ ಕೆಳಗಿನ ಕೋರ್ಟಿಗೂ ಠಾಣೆಗೂ ಕೊಡಿ, ಎರಡೂ ಕಡೆ ಮುದ್ರೆ ಹಾಕಿಸಿಕೊಳ್ಳಿ. ತಾನಾಗೇ ತಲುಪುತ್ತದೆ ಅಂತ ನಾವು ಸುಮ್ಮನಿದ್ದೆವು. ಎಂಟು ತಿಂಗಳ ನಂತರ ತಮ್ಮ ಪಾಸ್‌ಪೋರ್ಟಿಗೆ ಅರ್ಜಿ ಹಾಕಿದಾಗ ಪೊಲೀಸ್ ವೆರಿಫಿಕೇಷನ್‌ನಲ್ಲಿ ಕೇಸ್ ಬಾಕಿ ಅಂತಲೇ ಬಂತು. ಕ್ವಾಶ್ ಆದದ್ದು ಆರು ಗುಂಟೆಯ ಕ್ರಿಮಿನಲ್ ಕೇಸ್ ಮಾತ್ರ ಅನ್ನೋದೂ ನೆನಪಿರಲಿ. ಬದು ಎಲ್ಲಿ ಅನ್ನುವ ಸಿವಿಲ್ ದಾವೆ ಇನ್ನೂ ನಡೆಯುತ್ತಿದೆ. ಮುಂದಿನ ಡೇಟ್ ಬರುವ ತಿಂಗಳು, ಸರ್ವೆಯರ್ ಸಾಕ್ಷಿಗೆ ಬರಬೇಕು.